ಎಳೆ ಹರಿದರೆ ಎರಡು ಬೆರಳು

ನಮ್ಮ ಶಾಲೆಯ ಸ್ಪೀಕರಿನ ವಾಯರು ಸಡಿಲಾಗಿತ್ತು. ಮೇಜಿಗೆ ಯಾರದಾದರೂ ಮೊಣಕೈ ತಾಗಿದರೆ ಸಾಕು, ಆವಾಜು ಹೋಗಿಬಿಡುತ್ತಿತ್ತು. ದೀಪಾವಳಿ ಸೂಟಿ ಮುಗಿದ ವಾರ ಎಂಟನೇ ತರಗತಿಗೆ ಘರ್ಷಣೆಯ ವಿಡಿಯೊ ತೋರಿಸುತ್ತಿದ್ದಾಗಲೂ ಹಾಗೆಯೇ ಆಯಿತು. ಗೋಡೆಯ ಮೇಲೆ ಸೈಕಲ್ಲು ಓಡುತ್ತಲೇ ಇತ್ತು, ವಿವರಣೆ ಮಾತ್ರ ನಿಂತುಹೋಗಿತ್ತು. “ಟೀಚರ, ಆವಾಜ ಬರವಲ್ದರಿ” ಎಂದು ಇಡೀ ತರಗತಿ ಗದ್ದಲ ಹಾಕಿತು. ನಾನು ಮೇಜಿನ ಕೆಳಗೆ ತೂರಿ ವಾಯರು ಹುಡುಕಿ ತಲೆ ಎತ್ತಿದಾಗ ಎರಡನೇ ಬೆಂಚಿನ ಹುಡುಗಿ ಕಣ್ಣಿಗೆ ಬಿದ್ದಳು. ಅವಳೊಬ್ಬಳು ಕೂಗಿರಲಿಲ್ಲ. ಕೈ ಕಟ್ಟಿಕೊಂಡು ಸೈಕಲ್ಲನ್ನೇ ನೋಡುತ್ತಿದ್ದಳು. ಪಕ್ಕದವಳು ತಿವಿದಾಗ ತಿರುಗಿ, ಇವರಿಗೆಲ್ಲ ಏನಾಯಿತು ಎಂಬಂತೆ ಹುಬ್ಬೇರಿಸಿದಳು.

ವಾಯರು ಕೈಯಲ್ಲೇ ಇತ್ತು. ನಾನು ಸಿಕ್ಕಿಸಲಿಲ್ಲ. ಇವತ್ತು ಹೀಗೇ ನೋಡಿ ಎಂದೆ. ಎಲ್ಲರೂ ಗೊಣಗಿದರು, ಒಬ್ಬಿಬ್ಬರು ಆಕಳಿಸಿದರು. ಆ ಹುಡುಗಿ ಮಾತ್ರ ಕೊನೆಯವರೆಗೂ ಮೊದಲಿನಷ್ಟೇ ಗಮನ ಕೊಟ್ಟು ನೋಡಿದಳು. ಅವಳ ಪಾಲಿಗೆ ಏನೂ ಬದಲಾಗಿರಲಿಲ್ಲ.

ನಾನು ರಾಮದುರ್ಗದ ನೇಕಾರರ ಓಣಿಗೆ ಹತ್ತಿಕೊಂಡಿರುವ ಒಂದು ಹೈಸ್ಕೂಲಿನಲ್ಲಿ ತರಗತಿ ಸಹಾಯಕಿ. ಬೈಲಹೊಂಗಲದ ಪ್ರೆಸ್ಸಿನಲ್ಲಿ ಲಗ್ನಪತ್ರಿಕೆ ಟೈಪು ಮಾಡುತ್ತಿದ್ದವಳು, ನನ್ನ ಲಗ್ನಪತ್ರಿಕೆಯನ್ನೂ ನಾನೇ ಟೈಪು ಮಾಡಿಕೊಂಡು ಇಲ್ಲಿಗೆ ಬಂದೆ. ಶಾಲೆಯಲ್ಲಿ ನನ್ನ ಕೈಗೆ ಸೀಮೆಸುಣ್ಣ ಕೊಡುವುದಿಲ್ಲ. ಒಂದು ಲ್ಯಾಪ್‌ಟಾಪು, ಹಳೆಯ ವಿದ್ಯಾರ್ಥಿಗಳು ಕೊಡಿಸಿದ ಪ್ರೊಜೆಕ್ಟರು, ಆ ಸಡಿಲ ವಾಯರಿನ ಸ್ಪೀಕರು ನನ್ನ ಸುಪರ್ದಿಗೆ. ಶಿಕ್ಷಕರು ಪಾಠ ಮಾಡುವಾಗ ಹಿಂದೆ ಬಿದ್ದವರ ಪಕ್ಕ ಕೂತು ಕೈಹಿಡಿದು ನಡೆಸುವುದು ನನ್ನ ಕೆಲಸ.

ವಿಜ್ಞಾನದ ಸರ್ ಹತ್ತಿರ ಹೋಗಿ ಆ ಹುಡುಗಿಯ ಬಗ್ಗೆ ಕೇಳಿದೆ. ಅವರು ಸಂಪಗಾಂವ ಕಡೆಯ ರೈತರ ಮನೆಯವರು, ಪಾಠ ಶುರುವಾದರೆ ಊಟದ ಗಂಟೆಯೂ ಕೇಳಿಸದಷ್ಟು ತಲ್ಲೀನರಾಗುವವರು. “ಅಕಿ ಹಟಮಾರಿ ಅದಾಳ್ರಿ. ಮನಸ್ಸಿಗೆ ಬಂದ್ರ ಪಟ್ಟನ ಉತ್ತರ ಕೊಡತಾಳ, ಇಲ್ಲಂದ್ರ ನಾ ಇಲ್ಲೇ ಇಲ್ಲೇನೋ ಅನ್ನೂಹಂಗ ಕುಂತಿರತಾಳ” ಎಂದರು. ಅವರು ನೋಡಿದ್ದು ತಪ್ಪಲ್ಲ. ಎರಡು ದಿನ ತರಗತಿಯಲ್ಲಿ ಕೂತು ನಾನೂ ಗಮನಿಸಿದೆ. ಸರ್ ಅವಳ ಕಡೆ ಮುಖ ಮಾಡಿ ಕೇಳಿದ ಪ್ರಶ್ನೆಗೆ ಉತ್ತರ ಬರುತ್ತಿತ್ತು. ಬೋರ್ಡಿನ ಕಡೆ ತಿರುಗಿ ಕೇಳಿದ್ದಕ್ಕೆ ಬರುತ್ತಿರಲಿಲ್ಲ. ಹಟ ಮಾಡುವವರು ಶಿಕ್ಷಕರ ಬೆನ್ನು ನೋಡಿ ಹಟ ಮಾಡುವುದಿಲ್ಲ.

ಹೆಡ್‌ಮಾಸ್ಟರರಿಗೆ ಹೇಳಲು ಹೋದರೆ ಅವರ ಬಳಿ ಬೇರೆಯೇ ಸುದ್ದಿಯಿತ್ತು. ಹುಡುಗಿಯ ತಂದೆ ಸೂಟಿಯಲ್ಲೇ ಬಂದು ಹೇಳಿಹೋಗಿದ್ದನಂತೆ. ಸಂಕ್ರಮಣಕ್ಕೆ ಮನೆಗೆ ಇನ್ನೊಂದು ಪಾವರ್‌ಲೂಮು ಬರುತ್ತದೆ, ಲಾಳಿಯೊಳಗಿನ ಕಂಡಿಕೆಗೆ ನೂಲು ಸುತ್ತಿಕೊಡಲು ಒಂದು ಕೈ ಬೇಕು, ಹೇಗೂ ಹುಡುಗಿಗೆ ಓದು ತಲೆಗೆ ಹತ್ತುತ್ತಿಲ್ಲ, ಸಂಕ್ರಮಣ ಆದಮೇಲೆ ಕಳಿಸುವುದಿಲ್ಲ ಎಂದು. ಅವಳ ಅಂಕ ನೋಡಿದ ಹೆಡ್‌ಮಾಸ್ಟರರಿಗೆ ಎದುರು ಮಾತಾಡಲು ಬಾಯಿ ಬಂದಿರಲಿಲ್ಲ. ನನಗೆ ಸಿಟ್ಟು ಬಂತು. ಯಾರ ಮೇಲೆ ಎಂದು ಗೊತ್ತಾಗದ ಸಿಟ್ಟು ಅದು, ಅಂಥದ್ದು ನನಗೆ ಬೇಗ ಇಳಿಯುವುದಿಲ್ಲ. ಆ ಸಂಜೆಯೇ ಅವರ ಮನೆಗೆ ಹೋದೆ.

ಮುಂಬಾಗಿಲು ದಾಟಿದರೆ ಪಡಸಾಲೆಯ ತುಂಬ ಮಗ್ಗ. ಖಟಖಟ ಸದ್ದಿಗೆ ನನ್ನ ನಮಸ್ಕಾರ ನನಗೇ ಕೇಳಿಸಲಿಲ್ಲ. ತಂದೆ ಮಗ್ಗದ ಮುಂದೆ ನಿಂತಿದ್ದ, ತಾಯಿ ಆಚೆ ಮೂಲೆಯಲ್ಲಿ ಕಂಡಿಕೆ ಸುತ್ತುತ್ತಿದ್ದಳು. ಹುಡುಗಿ ನನ್ನನ್ನು ನೋಡಿ ತಾಯಿಯ ಕಡೆ ತಿರುಗಿ ಬರೀ ತುಟಿ ಆಡಿಸಿದಳು. ತಾಯಿ ಅಲ್ಲಿಂದಲೇ ಗಂಡನಿಗೆ ಕೈಸನ್ನೆ ಮಾಡಿದಳು. ಗಂಡ ಗಲ್ಲ ಎತ್ತಿ ಚಾಪೆ ತೋರಿಸಿದ. ಹುಡುಗಿ ಚಾಪೆ ಹಾಸಿದಳು. ಒಂದು ಮಾತೂ ಇಲ್ಲದೆ ಇಷ್ಟೆಲ್ಲ ನಡೆದುಹೋಯಿತು. ಆ ಓಣಿಯಲ್ಲಿ ಎಲ್ಲರೂ ಹೀಗೆಯೇ ಮಾತಾಡುತ್ತಾರೆ, ತುಟಿ ನೋಡಿ, ಕೈ ನೋಡಿ. ಮಗ್ಗದ ಸದ್ದಿನಲ್ಲಿ ಬೇರೆ ದಾರಿಯಿಲ್ಲ. ಅಲ್ಲಿ ಆ ಹುಡುಗಿ ಎಲ್ಲರಿಗಿಂತ ಚುರುಕು, ಪೆದ್ದಿ ಎಂದರೆ ನಾನೇ.

ತಾಯಿ ನನ್ನನ್ನು ಹಿತ್ತಲಿಗೆ ಕರೆದುಕೊಂಡು ಹೋಗಿ ಚಹಾ ಕೊಟ್ಟಳು. ಹುಡುಗಿಯ ಕಿವಿಯ ಬಗ್ಗೆ ಕೇಳಿದ್ದಕ್ಕೆ ನಕ್ಕುಬಿಟ್ಟಳು. “ಅಕಿ ಕಿವಿಗೆ ಏನಾಗೇತ್ರಿ ಅಕ್ಕೋರ? ನಾ ಬಾಯಿ ತಗಿಯೂದ್ರಾಗ ಅಕಿಗೆ ತಿಳದಿರತೈತಿ” ಎಂದಳು.

ನಾನು ಒಳಗೆ ಬಂದು, ಮಗ್ಗವನ್ನು ಸ್ವಲ್ಪ ನಿಲ್ಲಿಸುವಂತೆ ತಂದೆಗೆ ಸನ್ನೆ ಮಾಡಿದೆ. ಆತ ಮನಸ್ಸಿಲ್ಲದ ಮನಸ್ಸಿನಿಂದ ನಿಲ್ಲಿಸಿದ. ಹುಡುಗಿ ನೂಲಿನ ಬುಟ್ಟಿಯ ಮೇಲೆ ಬಾಗಿದ್ದಳು, ಬೆನ್ನು ನಮ್ಮ ಕಡೆಗಿತ್ತು. ತಾಯಿಗೆ ಅವಳ ಹೆಸರು ಹಿಡಿದು ಕರೆಯಲು ಹೇಳಿದೆ. ಕರೆದಳು. ಮತ್ತೆ ಕರೆದಳು, ಈ ಸಲ ಗಟ್ಟಿಯಾಗಿ. ಹುಡುಗಿ ನೂಲಿನ ಗಂಟು ಬಿಡಿಸುತ್ತಲೇ ಇದ್ದಳು. ತಾಯಿ ಕೈಯಲ್ಲಿದ್ದ ಚಹಾದ ಬಸಿ ಕೆಳಗಿಟ್ಟಳು. ಆ ಮನೆಯಲ್ಲಿ ಯಾರದೂ ತಪ್ಪಿರಲಿಲ್ಲ. ಕಿವಿ ಬೇಕಾಗದ ಮನೆಯಲ್ಲಿ ಕಿವಿ ಹೋದದ್ದು ಯಾರಿಗೆ ಗೊತ್ತಾಗಬೇಕು?

ತಾಲೂಕು ಆಸ್ಪತ್ರೆಗೆ ತಾಯಿಯೇ ಕರೆದುಕೊಂಡು ಬಂದಳು, ನಾನು ಜೊತೆಗಿದ್ದೆ. ಸಣ್ಣವಳಿದ್ದಾಗ ಕಿವಿ ಸೋರುತ್ತಿತ್ತು, ಎಣ್ಣೆ ಬಿಟ್ಟು ಸುಮ್ಮನಾಗಿದ್ದರು. ಬರಬರುತ್ತ ಎರಡೂ ಕಿವಿ ಬಹಳಷ್ಟು ಹೋಗಿದೆ ಎಂದರು ಡಾಕ್ಟರು. ಬೆಳಗಾವಿಗೆ ಹೋಗಿ ಪರೀಕ್ಷೆ ಮಾಡಿಸಬೇಕು, ಕಿವಿ ಮಷೀನಿಗೆ ಅರ್ಜಿ ಹಾಕಬೇಕು, ಬರಲು ತಿಂಗಳುಗಟ್ಟಲೆ ಹಿಡಿಯುತ್ತದೆ. ನಾನು ದೊಡ್ಡ ಕೆಲಸ ಮಾಡಿದೆ ಎಂಬ ಹುಮ್ಮಸ್ಸಿನಲ್ಲಿ ತಂದೆಯ ಮುಂದೆ ಇದನ್ನೆಲ್ಲ ಹೇಳಿದೆ. ಆತ ಪೂರ್ತಿ ಕೇಳಿಸಿಕೊಂಡು, ತಲೆಯ ಮೇಲಿನ ಟೋಪಿ ಸರಿಮಾಡಿಕೊಂಡ.

“ಹಂಗಾದ್ರ ಸಾಲಿ ಇನ್ನ ಯಾಕ್ರಿ? ಕೇಳಸದ ಜಾಗಾದಾಗ ಕುಂತು ಏನ್ ಮಾಡತಾಳ? ಮನ್ಯಾಗ ಅಕಿಗೆ ಯಾವ ತ್ರಾಸೂ ಇಲ್ಲ.”

ನನ್ನ ಹುಮ್ಮಸ್ಸೆಲ್ಲ ಅಲ್ಲಿಗೇ ಇಳಿಯಿತು. ಶಾಲೆ ಬಿಡಿಸಬೇಕೆಂದಿದ್ದ ಮನುಷ್ಯನ ಕೈಗೆ ನಾನೇ ಇನ್ನೊಂದು ಕಾರಣ ಒದಗಿಸಿಕೊಟ್ಟಂತಾಗಿತ್ತು. ಸಂಕ್ರಮಣದೊಳಗೆ ಆ ಹುಡುಗಿ ತರಗತಿಯಲ್ಲಿ ಕೂತು ಕಲಿಯಬಲ್ಲಳು ಎಂದು ತೋರಿಸಿಕೊಡಬೇಕು, ಇಲ್ಲವಾದರೆ ಅವಳ ಓದು ಎಂಟನೇ ತರಗತಿಯ ನಡುವಿಗೇ ಮುಗಿಯಿತು. ಬೇರೆ ಮಾತೇ ಇರಲಿಲ್ಲ.

ಮೊದಲು ಮಾತನ್ನು ತಾನೇ ಅಕ್ಷರ ಮಾಡುವ ಕಂಪ್ಯೂಟರಿನ ಸೌಲಭ್ಯ ಪ್ರಯತ್ನಿಸಿದೆ. ಸರ್ ಅಂಗಿಗೆ ಮೈಕು ಸಿಕ್ಕಿಸಿ ಇಂಟರ್‌ನೆಟ್ಟಿಗೆ ನನ್ನ ಮೊಬೈಲು ಜೋಡಿಸಿದೆ. ಕಿಟಕಿಯಾಚೆಯ ಮಗ್ಗಗಳ ಸದ್ದು, ಸರ್ ಮಾತಿನ ಓಟ, ಅವರ ಸಂಪಗಾಂವದ ಕನ್ನಡ, ಯಾವುದೂ ಅದಕ್ಕೆ ಜೀರ್ಣವಾಗಲಿಲ್ಲ. ಒಂದು ಸಾಲು ಬಂದರೆ ಮೂರು ಸಾಲು ಮಾಯ. ಅದನ್ನು ಮುಚ್ಚಿಟ್ಟೆ. ನನ್ನ ಬೆರಳುಗಳಿರುವಾಗ ಇನ್ನೊಬ್ಬರ ಹಂಗೇಕೆ ಅನಿಸಿತು. ಮದುವೆ ಸುಗ್ಗಿಯಲ್ಲಿ ನಿಂತಕಾಲ ಮೇಲೆ ಗಿರಾಕಿ ಹೇಳಿದ್ದನ್ನೆಲ್ಲ ಟೈಪು ಮಾಡಿದವಳು ನಾನು. ಸರ್ ಮಾತಾಡಲಿ, ನಾನು ಟೈಪು ಮಾಡುತ್ತ ಹೋಗುತ್ತೇನೆ, ಬೋರ್ಡಿನ ಪಕ್ಕದ ಗೋಡೆಯ ಮೇಲೆ ಅದು ಮೂಡುತ್ತ ಹೋಗಲಿ, ಹುಡುಗಿ ಓದಿಕೊಳ್ಳಲಿ.

ಅದಕ್ಕೆ ದಿನವೂ ಲ್ಯಾಪ್‌ಟಾಪು ಬೇಕು. ಹೆಡ್‌ಮಾಸ್ಟರರು ಒಪ್ಪಲಿಲ್ಲ. ಮಕ್ಕಳ ಮಾಹಿತಿಯನ್ನೆಲ್ಲ ಆನ್‌ಲೈನಿನಲ್ಲಿ ತುಂಬುವ ಕೆಲಸ ಬಾಕಿ ಇತ್ತು, ಲ್ಯಾಪ್‌ಟಾಪು ಆಫೀಸು ಬಿಟ್ಟು ಅಲುಗಾಡುವ ಹಾಗಿರಲಿಲ್ಲ. ಅದನ್ನು ಶಾಲೆ ಬಿಟ್ಟಮೇಲೆ ನಾನೇ ಕೂತು ತುಂಬಿಕೊಡುತ್ತೇನೆ, ವಿಜ್ಞಾನದ ಪಿರಿಯಡ್ಡಿಗೆ ಲ್ಯಾಪ್‌ಟಾಪು ನನ್ನದು ಎಂದು ಚೌಕಾಶಿ ಮಾಡಿದೆ. ಅವರು ನನ್ನನ್ನೊಮ್ಮೆ, ಲ್ಯಾಪ್‌ಟಾಪನ್ನೊಮ್ಮೆ ನೋಡಿ ಹೂಂ ಎಂದರು.

ಅಕ್ಷರ ದೊಡ್ಡದು ಮಾಡಿದೆ. ಕಪ್ಪಿನ ಮೇಲೆ ಹಳದಿ ಇಟ್ಟೆ, ಮಧ್ಯಾಹ್ನದ ಬೆಳಕಿನಲ್ಲಿ ಅದೇ ಚೆನ್ನಾಗಿ ಕಾಣುತ್ತಿತ್ತು. ಒಂದು ಸಲಕ್ಕೆ ನಾಲ್ಕೇ ಸಾಲು ಕಾಣುವಂತೆ ಮಾಡಿದೆ. ಮೊದಲ ದಿನ ಸರ್ ಬಾಯಿಂದ ಬಂದದ್ದನ್ನೆಲ್ಲ ಬಿಡದೆ ಟೈಪು ಮಾಡಿದೆ. ಎಲ್ಲವನ್ನೂ ಅಂದರೆ ಎಲ್ಲವನ್ನೂ. ಹಿಂದಿನ ಬೆಂಚಿನವನಿಗೆ ಅವರು ಬೈದ ಬೈಗುಳವೂ ಹಳದಿ ಅಕ್ಷರದಲ್ಲಿ ಗೋಡೆಯ ಮೇಲೆ ಮೂಡಿತು. ತರಗತಿ ಬಿದ್ದುಬಿದ್ದು ನಕ್ಕಿತು. ಸರ್ ತಿರುಗಿ ಓದಿ ಕೆಂಪಗಾದರು. ಪಿರಿಯಡ್ಡು ಮುಗಿದಮೇಲೆ ನನ್ನ ಮೇಜಿನ ಹತ್ತಿರ ಬಂದು, ತಮ್ಮ ಬಾಯಿಂದ ಬಿದ್ದದ್ದನ್ನೆಲ್ಲ ಗೋಡೆಗೆ ಹಚ್ಚಿದರೆ ತಾವು ಪಾಠ ಮಾಡುವುದು ಹೇಗೆ ಎಂದು ಕೇಳಿದರು. ನಾನು ಬೈಗುಳ ಬಿಡುತ್ತೇನೆ ಎಂದು ಮಾತು ಕೊಟ್ಟೆ.

ಬೈಗುಳ ಬಿಟ್ಟರೂ ಕೆಲಸ ಸುಧಾರಿಸಲಿಲ್ಲ. ನಾನು ಎಷ್ಟೇ ಜೋರಾಗಿ ಟೈಪು ಮಾಡಿದರೂ ಅವರ ಮಾತಿಗಿಂತ ಎರಡು ವಾಕ್ಯ ಹಿಂದೆಯೇ. ಹುಡುಗಿಯ ಕಣ್ಣು ಗೋಡೆಯಿಂದ ಬೋರ್ಡಿಗೆ, ಬೋರ್ಡಿನಿಂದ ಸರ್ ಮುಖಕ್ಕೆ ಓಡಾಡಿ ದಣಿಯುತ್ತಿತ್ತು. ಗೋಡೆಯ ಸುಣ್ಣ ಹಕ್ಕಳಿಕೆ ಎದ್ದಿತ್ತು, ಅಲ್ಲಲ್ಲಿ ಅಕ್ಷರಗಳೇ ಒಡೆದು ಕಾಣುತ್ತಿದ್ದವು. ಆ ವಾರದ ಕಿರುಪರೀಕ್ಷೆಯಲ್ಲಿ ಅವಳಿಗೆ ಮೊದಲಿಗಿಂತಲೂ ಕಡಿಮೆ ಬಂತು. ಸರ್ ಉತ್ತರ ಪತ್ರಿಕೆಯನ್ನು ನನ್ನ ಮುಂದೆ ಇಟ್ಟು, ಇನ್ನು ಸಾಕು ಮಾಡೋಣ ಎಂದರು. ಅವರ ದನಿಯಲ್ಲಿ ಸಿಟ್ಟಿರಲಿಲ್ಲ, ಬೇಸರವಿತ್ತು. ಸಿಟ್ಟಿದ್ದರೆ ನಾನೂ ನಾಲ್ಕು ಮಾತು ಜಗಳಾಡಬಹುದಿತ್ತು.

ಶಾಲೆ ಬಿಟ್ಟಮೇಲೆ ಹುಡುಗಿಯನ್ನು ಕೂರಿಸಿಕೊಂಡೆ. ಅಲ್ಲಿಯವರೆಗೆ ಡಾಕ್ಟರು, ತಂದೆ, ಸರ್ ಎಲ್ಲರನ್ನೂ ಕೇಳಿದ್ದೆ, ನಿನಗೇನು ಅನಿಸುತ್ತದೆ ಎಂದು ಅವಳನ್ನೇ ಕೇಳಿರಲಿಲ್ಲ. ಅವಳು ನನ್ನ ತುಟಿ ನೋಡುತ್ತ ಕೂತಿದ್ದಳು, ನಾನು ನಿಧಾನವಾಗಿ ಕೇಳಿದೆ. ಅವಳು ಹೇಳಿದ್ದು ಇಷ್ಟು. ಸರ್ ಚಿತ್ರಕ್ಕೆ ಬೆರಳಿಟ್ಟು ತೋರಿಸುವಾಗ ಅವಳು ಗೋಡೆ ಓದುತ್ತಿರುತ್ತಾಳೆ. ಓದಿ ಮುಗಿಸಿ ಬೋರ್ಡಿಗೆ ಬರುವಷ್ಟರಲ್ಲಿ ಸರ್ ಬೆರಳು ಬೇರೆ ಕಡೆ ಹೋಗಿರುತ್ತದೆ. ಮೊದಲು ಸರ್ ಮುಖ ಕಂಡಾಗಲಾದರೂ ಅರ್ಧ ತಿಳಿಯುತ್ತಿತ್ತು, ಈಗ ಅದೂ ಇಲ್ಲ. ಗೋಡೆಯೂ ಸರಿಯಿಲ್ಲ ಎಂದು ಕೊನೆಗೆ ಮೆಲ್ಲಗೆ ಸೇರಿಸಿದಳು.

ಮರುದಿನ ಬೆಳಿಗ್ಗೆ ಒಂದು ಬಿಳಿ ಬಟ್ಟೆಯ ಸುರುಳಿ ತಂದು ನನ್ನ ಮೇಜಿನ ಮೇಲಿಟ್ಟಳು. ಕೆಟ್ಟದ್ದೆಂದು ತಂದೆ ಮೂಲೆಗೆ ಒಗೆದಿದ್ದ ಬಟ್ಟೆಯಂತೆ, ತಾಯಿಯನ್ನು ಕೇಳಿ ತಂದಿದ್ದಳು. ಬೋರ್ಡಿನ ಪಕ್ಕಕ್ಕೇ ಹತ್ತಿಸಿ ಕಟ್ಟಿ ಪ್ರೊಜೆಕ್ಟರು ಹಚ್ಚಿದೆವು. ಅಕ್ಷರ ಮುತ್ತಿನ ಹಾಗೆ ಬಂದವು. ಆದರೆ ಬಟ್ಟೆಯ ಉದ್ದಕ್ಕೂ ಒಂದು ಸಣ್ಣ ಗೆರೆ ಬಿದ್ದಿತ್ತು, ಅಲ್ಲಿ ಎಳೆಯೇ ಇರಲಿಲ್ಲ. ಇದೇನು ಎಂದು ಕೇಳಿದೆ. ನೇಯುವಾಗ ಎಳೆ ಹರಿದಿದೆ, ಮಗ್ಗ ನಿಲ್ಲಿಸಬೇಕಿತ್ತು, ನಿಲ್ಲಿಸಿಲ್ಲ, ಅದಕ್ಕೇ ಅಲ್ಲಿಂದ ಕೊನೆಯವರೆಗೂ ಕೆಟ್ಟಿದೆ ಎಂದಳು. ಸದ್ದಿನಲ್ಲಿ ನಿಲ್ಲಿಸು ಎಂದು ಹೇಳುವುದಾದರೂ ಹೇಗೆ ಎಂದೆ. ಅವಳು ಬಲಗೈಯ ಎರಡು ಬೆರಳು ಜೋಡಿಸಿ ಎತ್ತಿ, ಥಟ್ಟನೆ ಬೇರೆ ಮಾಡಿದಳು. ಎಳೆ ಹರಿಯಿತು, ನಿಲ್ಲಿಸು. ಓಣಿಯ ಯಾವ ಮನೆಯಲ್ಲಿ ಯಾರೇ ಈ ಬೆರಳು ತೋರಿಸಲಿ, ಮಗ್ಗದವರು ಮೊದಲು ನಿಲ್ಲಿಸಿ ಆಮೇಲೆ ಏನು ಎಂದು ಕೇಳುತ್ತಾರಂತೆ.

ಹಾಗಿದ್ದರೆ ತರಗತಿಯಲ್ಲಿ ತಿಳಿಯದೇ ಹೋದಾಗ ನೀನು ಇದನ್ನು ಯಾಕೆ ತೋರಿಸಲಿಲ್ಲ ಎಂದೆ. ಅವಳಿಗೆ ನನ್ನ ಪ್ರಶ್ನೆಯೇ ವಿಚಿತ್ರ ಎನಿಸಿತು.

“ಸಾಲ್ಯಾಗ ಯಾರ ನಿಲ್ಲಸತಾರ್ರಿ ಟೀಚರ?”

ಆ ಮಾತು ನನ್ನನ್ನು ಚುಚ್ಚಿತು. ಸರ್ ಓಡುತ್ತಿದ್ದರು, ಅವರ ಹಿಂದೆ ನಾನು ಓಡುತ್ತಿದ್ದೆ, ಓಡುವುದನ್ನೇ ಸಹಾಯ ಎಂದುಕೊಂಡಿದ್ದೆ. ಇನ್ನು ಮುಂದೆ ಮಾತಿನ ಬೆನ್ನು ಹತ್ತುವುದು ಬೇಡ ಎಂದು ಅಲ್ಲೇ ತೀರ್ಮಾನ ಮಾಡಿದೆ. ಕಂಪ್ಯೂಟರು ಪಾಠದ ಹಿಂದೆ ಹೋಗಬಾರದು, ಪಾಠಕ್ಕಿಂತ ಒಂದು ಹೆಜ್ಜೆ ಮುಂದೆ ಹೋಗಿ ಕಾಯಬೇಕು. ಪಾಠವೂ ನಿಲ್ಲಲು ಕಲಿಯಬೇಕು.

ಸರ್ ಊಟಕ್ಕೆ ಕೂತಾಗ ಹೋಗಿ ಎಲ್ಲವನ್ನೂ ಹೇಳಿದೆ. ಬೆರಳು ಮಾಡಿ ತೋರಿಸಿದೆ. ಅವರು ರೊಟ್ಟಿ ಮುರಿಯುವುದನ್ನು ಬಿಟ್ಟು ಕೇಳಿದರು. ಆಮೇಲೆ ಅವರು ಹೇಳಿದ ಮಾತು ನನಗೆ ಹೊಳೆದಿರಲೇ ಇಲ್ಲ.

“ಅಕಿ ಒಬ್ಬಾಕಿಗೆ ಬ್ಯಾಡ್ರಿ. ಒಬ್ಬಾಕಿಗೆ ಅಂದ್ರ ಅಕಿ ಕೈ ಎತ್ತೂದಿಲ್ಲ. ಇಡೀ ಕ್ಲಾಸಿಗೆ ಹೇಳೂಣ. ಯಾರಿಗೆ ತಪ್ಪತೈತಿ ಅವರು ತೋರಸಲಿ, ನಾ ನಿಲ್ಲತೇನಿ.”

ಅಲ್ಲಿಂದ ನಾವಿಬ್ಬರೂ ಬೇರೆಯೇ ಬಗೆಯಲ್ಲಿ ಕೆಲಸ ಮಾಡಿದೆವು. ಹಿಂದಿನ ದಿನವೇ ಕೂತು ನಾಳೆಯ ಪಾಠದಲ್ಲಿ ಯಾವ ಮಾತು ಹೇಳುತ್ತೀರಿ, ಯಾವ ಚಿತ್ರ ಬರೆಯುತ್ತೀರಿ ಎಂದು ಕೇಳಿ ಮುಖ್ಯವಾದ ವಾಕ್ಯಗಳನ್ನು ಮೊದಲೇ ಟೈಪು ಮಾಡಿಡುತ್ತಿದ್ದೆ. ಒಂದು ತೆರೆಗೆ ಒಂದೇ ವಿಷಯ. ಸರ್ ಆ ಮಾತಿಗೆ ಬರುತ್ತಲೂ ನಾನು ಗುಂಡಿ ಒತ್ತಿದರೆ ಸಾಲು ಬಟ್ಟೆಯ ಮೇಲೆ ಇಳಿಯುತ್ತಿತ್ತು. ಅವಳು ಅದನ್ನು ಓದಿ ಕಣ್ಣೆತ್ತುವವರೆಗೆ ಸರ್ ಚಿತ್ರಕ್ಕೆ ಬೆರಳು ಇಡುತ್ತಿರಲಿಲ್ಲ. ಮಕ್ಕಳು ಕೇಳಿದ ಪ್ರಶ್ನೆ, ಸರ್ ಆ ಹೊತ್ತಿಗೆ ಹೊಳೆದು ಕೊಟ್ಟ ಉದಾಹರಣೆ, ಇಷ್ಟನ್ನು ಮಾತ್ರ ಅಲ್ಲಿಯೇ ಟೈಪು ಮಾಡುತ್ತಿದ್ದೆ. ವ್ಯಾಖ್ಯೆಗಳಿಗೆ ಪುಸ್ತಕದ ಕನ್ನಡ, ಉದಾಹರಣೆಗಳಿಗೆ ಸರ್ ಕನ್ನಡ. ಹಾಗೆ ಇಟ್ಟರೆ ಅವರ ತುಟಿಯೂ ನನ್ನ ಸಾಲೂ ಅವಳಿಗೆ ಒಂದಕ್ಕೊಂದು ತಾಳೆಯಾಗುತ್ತಿದ್ದವು.

ಬೇಗ ಟೈಪು ಮಾಡಲು ಪ್ರೆಸ್ಸಿನ ಹಳೆಯ ಉಪಾಯ ನೆರವಿಗೆ ಬಂತು. ಲಗ್ನಪತ್ರಿಕೆಯಲ್ಲಿ ಬಂದದ್ದೇ ಬರುವ ಸಾಲುಗಳನ್ನು ಅಲ್ಲಿ ನಾವು ಗುರುತು ಕೊಟ್ಟು ಇಡುತ್ತಿದ್ದೆವು, ಎರಡು ಅಕ್ಷರ ಒತ್ತಿದರೆ ಇಡೀ ಸಾಲು ಬೀಳುತ್ತಿತ್ತು. ಅದೇ ಪಟ್ಟಿಯನ್ನು ನನ್ನ ಪೆನ್‌ಡ್ರೈವಿನಿಂದ ತಂದು, ವಿಜ್ಞಾನದ ಶಬ್ದಗಳನ್ನು ಸೇರಿಸಿದೆ. ‘ಕಂ’ ಒತ್ತಿದರೆ ಕಂಪನ, ‘ಆವೃ’ ಒತ್ತಿದರೆ ಆವೃತ್ತಿ. ಹಳೆಯವನ್ನು ಅಳಿಸಿ ಹೊಸದನ್ನು ಸೇರಿಸಬೇಕಿತ್ತು. ಅಳಿಸುವುದು ನನ್ನ ಅವಸರದಲ್ಲಿ ಉಳಿದೇಹೋಯಿತು.

ಶಬ್ದದ ಪಾಠದ ಮೊದಲ ದಿನ ಸರ್ ಗಂಭೀರವಾಗಿ, ತಾಳ ಬಡಿದಾಗ ತಾಳ ಅದುರುತ್ತದೆ, ಮುಟ್ಟಿದರೆ ಬೆರಳಿಗೆ ಗೊತ್ತಾಗುತ್ತದೆ ಎಂದರು. ‘ತಾ’ ಪ್ರೆಸ್ಸಿನ ಹಳೆಯ ಗುರುತೂ ಆಗಿತ್ತು, ನಾನು ಅದನ್ನು ಒತ್ತಿ ಮುಂದೆ ಸಾಗುವಷ್ಟರಲ್ಲಿ ಬಟ್ಟೆಯ ಮೇಲೆ ದೊಡ್ಡ ಹಳದಿ ಅಕ್ಷರದಲ್ಲಿ ‘ತಮ್ಮ ಸುಖಾಗಮನವನ್ನು ಬಯಸುವವರು’ ಎಂದು ಬಿತ್ತು. ತರಗತಿ ಛಾವಣಿ ಹಾರಿಹೋಗುವಂತೆ ನಕ್ಕಿತು. ನಾನು ಅಳಿಸಲು ಹೋಗಿ ಮತ್ತೊಮ್ಮೆ ಬೀಳಿಸಿದೆ. ಈ ಸಲ ಸರ್ ಕೆಂಪಗಾಗಲಿಲ್ಲ. ಮೇಜು ಹಿಡಿದುಕೊಂಡು ನಕ್ಕರು, ಯಾರದ್ರಿ ಲಗ್ನ ಎಂದು ಕೇಳಿದರು. ಎರಡನೇ ಬೆಂಚಿನ ಹುಡುಗಿಯೂ ನಗುತ್ತಿದ್ದಳು. ಎಲ್ಲರ ಜೊತೆಗೆ, ಎಲ್ಲರೂ ನಕ್ಕ ಹೊತ್ತಿಗೇ, ಎಲ್ಲರೂ ನಕ್ಕ ಕಾರಣಕ್ಕೇ ಅವಳು ನಗುವುದನ್ನು ನಾನು ಅದೇ ಮೊದಲು ನೋಡಿದ್ದು. ನನಗೆ ಮಾನ ಹೋದದ್ದೂ ಮರೆತು ಸಂತೋಷವಾಯಿತು.

ಎರಡು ಬೆರಳಿನ ನಿಯಮ ಮೊದಮೊದಲು ಯಾರೂ ಬಳಸಲಿಲ್ಲ. ಮಕ್ಕಳು ಒಬ್ಬರ ಮುಖ ಒಬ್ಬರು ನೋಡಿದರು. ಮೊದಲ ಬೆರಳು ಎದ್ದದ್ದು ಹಿಂದಿನ ಬೆಂಚಿನಿಂದ, ಸರ್ ಬೈಗುಳ ತಿಂದವನೇ ತೋರಿಸಿದ. ಸರ್ ಥಟ್ಟನೆ ನಿಂತು ‘ಎಲ್ಲಿ ಹರೀತು?’ ಎಂದು ಕೇಳಿದರು. ಅವನು ಹೇಳಿದ. ಸರ್ ಅಲ್ಲಿಂದ ಮತ್ತೆ ಹಿಡಿದರು. ಬೈಯಲಿಲ್ಲ ಎಂದು ಗೊತ್ತಾದದ್ದೇ ತಡ, ಆ ಪಿರಿಯಡ್ಡಿನಲ್ಲೇ ಇನ್ನೂ ಹಲವು ಕೈ ಎದ್ದವು. ಕಿವಿ ಚೆನ್ನಾಗಿದ್ದವರ ಕೈಗಳೇ ಹೆಚ್ಚು. ಸರ್ ಸಂಜೆ ನನ್ನ ಹತ್ತಿರ ಬಂದು, ಇಷ್ಟು ವರ್ಷ ಇವರೆಲ್ಲ ಸುಮ್ಮನೆ ಕೂತಿದ್ದರಲ್ಲ ಎಂದು ಅಚ್ಚರಿಪಟ್ಟರು. ಹುಡುಗಿ ಮೂರನೇ ದಿನ ಕೈ ಎತ್ತಿದಳು. ಅಷ್ಟು ಹೊತ್ತಿಗೆ ಅದು ಯಾರೂ ತಿರುಗಿ ನೋಡದಷ್ಟು ಮಾಮೂಲಾಗಿತ್ತು.

ತರಗತಿಯಲ್ಲಿ ಇಳಿದ ಸಾಲುಗಳನ್ನೆಲ್ಲ ಉಳಿಸಿಟ್ಟು ಸಂಜೆ ಮಕ್ಕಳ ಮನೆಯ ಮೊಬೈಲುಗಳಿಗೆ ಕಳಿಸತೊಡಗಿದೆ. ಹುಡುಗಿಗೆ ಎಂದು ಶುರುಮಾಡಿದ್ದು, ಸೀರೆಯ ಬೇಡಿಕೆ ಇದ್ದಾಗ ಮಗ್ಗದ ಕೆಲಸಕ್ಕೆ ಶಾಲೆ ತಪ್ಪಿಸುತ್ತಿದ್ದ ಮಕ್ಕಳೆಲ್ಲ ಕೇಳಿ ಪಡೆದರು. ಮುಂದಿನ ಕಿರುಪರೀಕ್ಷೆಯ ಅವಳ ಉತ್ತರ ಪತ್ರಿಕೆಯನ್ನು ಸರ್ ಸ್ಟಾಫ್ ರೂಮಿನಲ್ಲಿ ಎಲ್ಲರಿಗೂ ಕೇಳುವಂತೆ ಗಟ್ಟಿಯಾಗಿ ಓದಿದರು. ಹೆಡ್‌ಮಾಸ್ಟರರು ಲ್ಯಾಪ್‌ಟಾಪಿನ ಮಾತು ಮತ್ತೆ ಎತ್ತಲಿಲ್ಲ. ಆದರೆ ತಂದೆಯ ಕಡೆಯಿಂದ ಒಂದು ಮಾತೂ ಇರಲಿಲ್ಲ. ಹೊಸ ಮಗ್ಗ ಬಂದು ಮನೆಯಲ್ಲಿ ಇಳಿದಿದೆ ಎಂದು ಹುಡುಗಿಯೇ ಹೇಳಿದಳು, ಹೇಳುವಾಗ ನನ್ನ ಮುಖ ನೋಡಲಿಲ್ಲ.

ಸಂಕ್ರಮಣದ ಹಿಂದಿನ ದಿನ ಆತ ಬಂದ. ನೇರ ಹೆಡ್‌ಮಾಸ್ಟರರ ಕೋಣೆಗೆ ಹೋಗಿ, ಸೂಟಿ ಮುಗಿದಮೇಲೆ ಅವಳು ಬರುವುದಿಲ್ಲ ಎಂದ. ನನಗೆ ಕರೆ ಬಂತು. ವಾದಮಾಡಬೇಕೆಂದು ಮಾತುಗಳನ್ನೆಲ್ಲ ಜೋಡಿಸಿಕೊಂಡು ಓಡಿಬಂದಿದ್ದೆ, ಆತನ ಮುಖ ನೋಡಿದಮೇಲೆ ಅದೆಲ್ಲ ವ್ಯರ್ಥ ಅನಿಸಿತು. ಬಂದದ್ದು ಬಂದಿರಿ, ಒಂದು ಪಿರಿಯಡ್ಡು ಹಿಂದೆ ಕೂತು ನೋಡಿಕೊಂಡು ಹೋಗಿ, ಆಮೇಲೆ ನಿಮ್ಮಿಷ್ಟ ಎಂದೆ. ಆತ ಸಂಕೋಚದಿಂದಲೇ ಬಂದು ಕೊನೆಯ ಬೆಂಚಿನ ತುದಿಗೆ ಕೂತ.

ಸರ್ ಬಾಗಿಲ ಕಡೆ ಒಮ್ಮೆ ನೋಡಿದರು, ನನ್ನನ್ನು ನೋಡಿದರು, ಪಾಠ ಶುರುಮಾಡಿದರು. ಗಾಜಿನ ಜಾಡಿಯೊಳಗಿನ ಗಂಟೆಯ ಪ್ರಯೋಗ. ಜಾಡಿಯಿಂದ ಗಾಳಿ ತೆಗೆದರೆ ಗಂಟೆಯ ಸದ್ದು ಕ್ಷೀಣವಾಗುವುದು ಯಾಕೆ ಎಂಬ ವಿಷಯ. ಪಾಠ ಏರಿದಂತೆ ಸರ್ ತಮ್ಮ ಹಳೆಯ ಚಾಳಿಗೆ ಬಿದ್ದರು. ಬೋರ್ಡಿಗೆ ತಿರುಗಿ ಜಾಡಿ ಬರೆಯುತ್ತ, ನಾವು ಬರೆದಿಟ್ಟುಕೊಳ್ಳದೇ ಇದ್ದ ಹೊಸ ಮಾತೊಂದನ್ನು ಹೇಳಿಕೊಂಡು ಹೋದರು. ನನ್ನ ಬೆರಳು ಇನ್ನೂ ಮೊದಲ ಶಬ್ದದಲ್ಲಿತ್ತು. ಎರಡನೇ ಬೆಂಚಿನಿಂದ ಎರಡು ಬೆರಳು ಮೇಲೆ ಎದ್ದು, ಬೇರೆಯಾದವು.

ಹಿಂದೆ ಬೆಂಚು ಸದ್ದು ಮಾಡಿತು. ತಿರುಗಿ ನೋಡಿದರೆ ತಂದೆ ಎದ್ದು ನಿಂತಿದ್ದ. ಬಲಗೈ ಚಾಚಿ ಗಾಳಿಯಲ್ಲಿ ಏನನ್ನೋ ಹಿಡಿಯಹೋಗಿತ್ತು. ಮಗ್ಗ ನಿಲ್ಲಿಸುವ ಹಿಡಿಕೆ ಎಲ್ಲಿರುತ್ತದೋ ಅಲ್ಲಿಗೆ. ನೇಕಾರರ ಮಕ್ಕಳಿಗೆ ಅದು ಏನೆಂದು ಗೊತ್ತಿತ್ತು, ಒಬ್ಬರೂ ನಗಲಿಲ್ಲ. ಇತ್ತ ಸರ್ ಆಗಲೇ ಸೀಮೆಸುಣ್ಣ ಕೆಳಗಿಟ್ಟು ಹುಡುಗಿಯ ಕಡೆ ಪೂರ್ತಿ ತಿರುಗಿದ್ದರು.

“ಎಲ್ಲಿ ಹರೀತು?”

“ಗಾಳಿ ತಗದ ಮ್ಯಾಲೆ ಏನಂದ್ರಿ ಸರ್? ಅದು ತಪ್ಪಿತ್ರಿ.”

ಸರ್ ಅವಳ ಮುಖ ನೋಡುತ್ತ ಮತ್ತೆ ಹೇಳಿದರು, ನಾನು ಟೈಪು ಮಾಡಿದೆ. ಅವಳು ತಲೆಯಾಡಿಸಿದಳು. ಹಾಗೆಯೇ ಮುಂದುವರಿದು ಸರ್ ಒಂದು ಪ್ರಶ್ನೆ ಕೇಳಿದರು. ಸದ್ದು ಗಾಳಿಯಲ್ಲಿ ಸಾಗುತ್ತದೆ, ಘನವಸ್ತುವಿನಲ್ಲಿಯೂ ಸಾಗುತ್ತದೆಯೇ? ಸಾಗುವುದಾದರೆ ಪುಸ್ತಕದಲ್ಲಿಲ್ಲದ ಒಂದು ಉದಾಹರಣೆ ಬೇಕು. ಅವಳು ಬಟ್ಟೆಯ ಮೇಲಿನ ಪ್ರಶ್ನೆ ಓದಿ ಎದ್ದು ನಿಂತಳು.

“ಅಪ್ಪ ಮಗ್ಗ ಚಾಲೂ ಮಾಡಿದ್ರ ನನಗ ಅಂಗಾಲಿಗೆ ಗೊತ್ತಾಗತೈತ್ರಿ. ನಮ್ಮ ಮಗ್ಗ ಯಾವುದು, ಬಾಜೂ ಮನಿದು ಯಾವುದು, ಅದೂ ಗೊತ್ತಾಗತೈತಿ. ನೆಲ ಘನವಸ್ತು.”

ನಾನು ಒಂದಕ್ಷರವೂ ತಿದ್ದದೆ ಅದನ್ನು ಹಾಗೆಯೇ ಬಟ್ಟೆಯ ಮೇಲೆ ಇಳಿಸಿದೆ. ಸರ್ ಆ ಸಾಲಿನ ಪಕ್ಕ ಬೋರ್ಡಿನ ಮೇಲೆ ದೊಡ್ಡದಾಗಿ ಸರಿ ಗುರುತು ಹಾಕಿದರು. ತಂದೆ ನಿಂತಲ್ಲೇ ನಿಂತು, ತುಟಿ ಆಡಿಸುತ್ತ ಮಗಳ ಮಾತನ್ನು ಅಕ್ಷರ ಅಕ್ಷರವಾಗಿ ಓದಿಕೊಳ್ಳುತ್ತಿದ್ದ.

ಪಿರಿಯಡ್ಡು ಮುಗಿದಮೇಲೆ ಆತ ಹೊರಗೆ ಬೇವಿನ ಗಿಡದ ಕೆಳಗೆ ನನಗಾಗಿ ಕಾಯುತ್ತಿದ್ದ. ಟೋಪಿ ಕೈಯಲ್ಲಿತ್ತು. ಓಣಿಯ ಮಗ್ಗಗಳ ಸದ್ದು ಅಲ್ಲಿಗೂ ಬರುತ್ತಿತ್ತು.

“ಆ ಬಟ್ಟಿ ನಂದ್ರಿ ಅಕ್ಕೋರ. ಅವತ್ತ ಎಳಿ ಹರದಾಗ ಅಕಿ ಬೆರಳ ತೋರಿಸಿದ್ಲಂತ. ನಾ ನೋಡಲಿಲ್ಲ.” ತರಗತಿಯ ಕಡೆ ಕೈ ಮಾಡಿ, “ನಿಮ್ಮ ಸರ್ ನೋಡಿದ್ರು” ಎಂದ.

ಆತ ಟೋಪಿ ಹಾಕಿಕೊಂಡು ಹೊರಟವನು ಗೇಟಿನ ಹತ್ತಿರ ನಿಂತು ಹೇಳಿದ. “ಸಾಲಿಗೆ ಬರತಾಳ್ರಿ. ಕಂಡಿಕಿ ನಾನ ಸುತ್ತತೇನಿ.”

ಸಂಕ್ರಮಣದ ಸೂಟಿ ಮುಗಿದು ಶಾಲೆ ತೆರೆದ ದಿನ ನಾನು ಗಂಟೆಗಿಂತ ಮುಂಚೆಯೇ ಹೋಗಿ ಪ್ರೊಜೆಕ್ಟರು ಹಚ್ಚಿಟ್ಟು ಕಾದೆ. ಹುಡುಗಿ ಬಗಲಲ್ಲಿ ಒಂದು ಸುರುಳಿ ಹಿಡಿದುಕೊಂಡು ಬಂದಳು. ಹೊಸ ಮಗ್ಗದ ಮೊದಲ ಬಟ್ಟೆ ದೇವರಿಗೆ, ಎರಡನೆಯದು ಸಾಲಿಗೆ ಎಂದು ಅಪ್ಪ ಕೊಟ್ಟಿದ್ದಾನೆ ಎಂದಳು. ಸರ್ ಕುರ್ಚಿ ಹತ್ತಿ ಹಳೆಯದನ್ನು ಬಿಚ್ಚಿದರು, ಮಕ್ಕಳು ಹೊಸದನ್ನು ಎಳೆದು ಕಟ್ಟಿದರು. ಅಂಚಿನಿಂದ ಅಂಚಿನವರೆಗೆ ಒಂದು ಗೆರೆಯೂ ಇರಲಿಲ್ಲ. ಟೀಚರ, ಏನರೆ ಬರೀರಿ ಎಂದು ಎಲ್ಲರೂ ಗಂಟುಬಿದ್ದರು.

ಪ್ರೆಸ್ಸಿನ ಆ ಹಳೆಯ ಪಟ್ಟಿಯಲ್ಲಿ ಎಲ್ಲವನ್ನೂ ಅಳಿಸಿದ್ದೆ, ಒಂದನ್ನು ಬಿಟ್ಟು. ಎರಡನೇ ಬೆಂಚಿನಲ್ಲಿ ಅವಳು ಕೂತದ್ದನ್ನು ನೋಡಿಕೊಂಡು ‘ತಾ’ ಒತ್ತಿದೆ. ‘ತಮ್ಮ ಸುಖಾಗಮನವನ್ನು ಬಯಸುವವರು’ ಎಂದು ಹೊಸ ಬಟ್ಟೆಯ ಮೇಲೆ ದೊಡ್ಡ ಹಳದಿ ಅಕ್ಷರದಲ್ಲಿ ಬಿತ್ತು. ಈ ಸಲ ಎಲ್ಲರಿಗಿಂತ ಮೊದಲು ನಕ್ಕವಳು ಅವಳೇ.